ನೀಲಿ ರೇಷ್ಮೆಯೊಳಗಿನ ಹೆಪ್ಸಿಬಾ

ಇಂಗ್ಲಿಷರ ನಾಡಿನ ಸಫೋಕ್ ಸೀಮೆಯ ಆ ಬಂಗಲೆಗೆ ಹೆಪ್ಸಿಬಾ ಹದಿನಾಲ್ಕನೆಯ ವಯಸ್ಸಿನಲ್ಲಿ ಪಾತ್ರೆ ತಿಕ್ಕಲು ಬಂದವಳು. ಈಗ ಐವತ್ತೆರಡು, ಅರಬೆಲಾ ದೊರೆಸಾನಿಗೆ ಬಟ್ಟೆ ತೊಡಿಸಿ ತಲೆ ಬಾಚುವ ಆಳು. ಮಂಡಿ ಹೋಗಿತ್ತು, ಸೊಂಟವೂ ಹೋಗಿತ್ತು. ಅದನ್ನು ಮಾತ್ರ ಯಾರಿಗೂ ತೋರಗೊಟ್ಟಿರಲಿಲ್ಲ. ಕೈಲಾಗದ ಆಳನ್ನು ಯಾರು ಇಟ್ಟುಕೊಳ್ಳುತ್ತಾರೆ? ಚರ್ಚಿನವರು ನಡೆಸುವ ಬಡವರ ಮನೆಯಲ್ಲಿ ಒಂದು ಹಾಸಿಗೆಗೆ ಮೂವರು ಮುದುಕಿಯರು. ಅಲ್ಲಿಗೆ ಹೋಗುವುದಕ್ಕಿಂತ ಇಲ್ಲಿಯ ಮೆಟ್ಟಿಲ ಮೇಲೆ ಸಾಯುವುದೇ ವಾಸಿ ಎಂದು ಹಲ್ಲುಕಚ್ಚಿ ಹತ್ತಿ ಇಳಿಯುತ್ತಿದ್ದಳು.

ಆ ಬೇಸಿಗೆಯಲ್ಲಿ ದೊರೆ, ದೊರೆಸಾನಿಯ ಜೋಡಿಚಿತ್ರ ಬರೆಯಲು ಲುಡನ್ ಎಂಬ ಚಿತ್ರಕಾರ ಬಂದ. ಹಿಂದೆ ದೊರೆಯ ಗೋಧಿ ಹೊಲ, ಮುಂದೆ ಓಕ್ ಮರ, ಮರದಡಿ ಬೆಂಚಿನ ಮೇಲೆ ದೊರೆಸಾನಿ, ಪಕ್ಕದಲ್ಲಿ ಬಂದೂಕು ಹಿಡಿದ ದೊರೆ. ದೊಡ್ಡವರು ಕೂರುವುದು ಮುಖಕ್ಕಷ್ಟೇ. ಮೂರು ದಿನ ಬೆಳಗ್ಗೆ ಕೂತು ಇಬ್ಬರೂ ಎದ್ದುಹೋದರು. ಉಳಿದ ಮೈಗೆ ಯಾರಾದರೂ ಬೇಕಲ್ಲ! ದೊರೆಯ ಕೋಟನ್ನು ಆಳೆತ್ತರದ ಮರದ ಗೊಂಬೆಗೆ ತೊಡಿಸಿದರು. ದೊರೆಸಾನಿಯ ನೀಲಿ ರೇಷ್ಮೆ ನಿಲುವಂಗಿ ಹೆಪ್ಸಿಬಾಳ ಅಳತೆ ಕೊಟ್ಟು ಹೊಲಿಸಿದಂತಿತ್ತು; ಅದನ್ನು ತೊಡಿಸಿ ಅವಳನ್ನೇ ಕೂರಿಸಿದರು.

ಕಸ ಗುಡಿಸಲು ಬಂದ ಕಿರಿಯ ಆಳು ಪೆಗ್, ಮರದ ಗೊಂಬೆಯ ಕಡೆ ಕಣ್ಣು ಹೊಡೆದಳು.

"ಏನ್ ಹೆಪ್ಸಕ್ಕಾ, ನಿಮ್ ಯಜಮಾನ್ರು ಒಂದ್ ಮಾತೂ ಆಡಲ್ವಲ್ಲಾ?"

"ಮಾತಾಡದ ಗಂಡ ಸಿಕ್ಕಿರೋದೇ ನನ್ ಪುಣ್ಯ. ನೀನ್ ಹೋಗಿ ಕೆಲ್ಸ ನೋಡ್ಕೊ."

ಮೊದಮೊದಲು ಹೆಪ್ಸಿಬಾ ಬೆನ್ನು ಸೆಟೆಸಿ ಕೂತಳು. ಆದರೆ ಮೈಗೆ ಕೂತು ಅಭ್ಯಾಸವೇ ಇರಲಿಲ್ಲ. ನಾಲ್ಕನೆಯ ದಿನ ಭುಜ ಇಳಿದವು, ಮಡಿಲಲ್ಲಿ ಕೈಗಳು ಬಿದ್ದುಕೊಂಡವು. ಅವಳಿಗೆ ಅದರ ಅರಿವೇ ಆಗಲಿಲ್ಲ. ಲುಡನ್ ಕಂಡದ್ದನ್ನು ಕಂಡ ಹಾಗೆ ಬರೆಯುತ್ತ ಹೋದ.

ಹನ್ನೆರಡನೆಯ ದಿನ ಚಿತ್ರ ನೋಡಲು ದೊರೆಸಾನಿ ಬಂದಳು.

"ಮುಖವೇನೋ ನಂದೇ. ಈ ಭುಜ ಯಾರ್ದು? ಹೊರೆ ಇಳಿಸಿ ಕೂತವಳ ಹಾಗಿದೆ! ನಾನು ಹೀಗೆ ಕೂರ್ತೀನೇನ್ರೀ?"

"ಎದುರಿಗೆ ಕಂಡಿದ್ದನ್ನೇ ಬರ್ದೆ, ಅಮ್ಮಾವ್ರೇ," ಎಂದ ಲುಡನ್.

ದೊರೆಸಾನಿ ತಿರುಗಿ ನೋಡಿದಳು. ಒಂಬತ್ತು ವರ್ಷ ದಿನಾ ಬೆಳಗ್ಗೆ ಕನ್ನಡಿಯಲ್ಲಿ ತನ್ನ ಹಿಂದೆಯೇ ನಿಂತಿರುತ್ತಿದ್ದ ಹೆಂಗಸು. ಅವಳು ಸೋತಿದ್ದಾಳೆಂದು ಗೊತ್ತಾಗಲು ಈಕೆಗೆ ಬಣ್ಣ ಬಳಿದ ಚಿತ್ರಪಟ ಬೇಕಾಯಿತು!

"ಹೆಪ್ಸೀ, ನಿಂಗೆ ಇಷ್ಟೊಂದು ಸುಸ್ತಾಗಿದ್ಯಾ?"

'ಏನಿಲ್ಲಮ್ಮಾ, ಚೆನ್ನಾಗಿದೀನಿ' ಎನ್ನುವ ಮಾತು ನಾಲಿಗೆಯ ತುದಿಯಲ್ಲೇ ಇತ್ತು. ವರ್ಷಗಟ್ಟಲೆ ಅದನ್ನೇ ಹೇಳಿದ್ದಳು. ಈ ಸಲ ಅದನ್ನು ಆಡುವುದಕ್ಕೂ ತ್ರಾಣ ಉಳಿದಿರಲಿಲ್ಲ.

"ಸಾಕಾಗ್ಹೋಗಿದೆ, ಅಮ್ಮಾವ್ರೇ."

ದೊರೆಸಾನಿಗೆ ನಿಜಕ್ಕೂ ಅಯ್ಯೋ ಅನ್ನಿಸಿತು. ಹೆಪ್ಸಿಬಾಳ ತೋಳು ಸವರಿದಳು.

"ಮೊದ್ಲೇ ಹೇಳ್ಬಾರ್ದಾ? ನಾಳೆಯಿಂದ ಪೆಗ್ ಕೂರ್ಲಿ, ಭುಜ ಇನ್ನೊಂದ್ಸಲ ಬರೀತಾರೆ. ತಲೆ ಬಾಚೋದನ್ನೂ ಅವ್ಳಿಗೇ ಕಲಿಸ್ಬಿಡು. ಕೊಯ್ಲು ಮುಗಿದ್ಮೇಲೆ ನೀನು ನಿನ್ ತಂಗಿ ಮನೆಗೆ ಹೋಗಿ ಹಾಯಾಗಿರು."

ತಂಗಿ ತೀರಿಹೋಗಿ ನಾಲ್ಕು ವರ್ಷವಾಗಿತ್ತು. ಮಣ್ಣು ಹಾಕಿ ಬರಲು ಅರ್ಧ ದಿನದ ರಜೆ ಕೊಟ್ಟವಳು ಈ ದೊರೆಸಾನಿಯೇ.