ಅರ್ಧ ತಲೆನೋವು

ಜೋಗೇಶ್ವರಿಯ ನಮ್ಮ ಚಾಳಿನಲ್ಲಿ ಪಕ್ಕದ ಖೋಲಿಯ ಕಸ್ತೂರಿಬಾಯಿ ವಿಜಯಪುರದ ಕಡೆಯವಳು. ಅವಳಿಗೆ ಅರೆತಲೆನೋವು. ಆ ‘ಅರೆ’ ಎಂಬ ಮಾತೇ ಅವಳ ಶತ್ರು. ರೆಡಿಮೇಡ್ ಬಟ್ಟೆಯ ಕಾರ್ಖಾನೆಯಲ್ಲಿ ಹೊಲಿಗೆ ಬಿಟ್ಟು ಬಂದು, ದೀಪ ಆರಿಸಿ ಮಲಗಿದರೆ ಗಂಡ ಚಂದ್ರಾಮ ಟ್ಯೂಬ್‌ಲೈಟ್ ಹಾಕಿ ಕೇಳುತ್ತಿದ್ದ: “ಅರ್ಧಾ ತಲಿನೋವಿಗೆ ಪೂರಾ ದಿನ ಮಲಗೂದೇನ? ನಾಟಕ ಸಾಕು.” ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ಚಂದ್ರಾಮ ಕೆಟ್ಟವನಲ್ಲ, ಸಿಮೆಂಟು ಹೊತ್ತು ಸಂಸಾರ ಸಾಕಿದವನು. ಆದರೆ ಗಾಯ ಕಾಣದ ನೋವನ್ನು ನಂಬುವವನಲ್ಲ. ಇವನಿಗೂ ಒಂದು ದಿನ ಆ ನೋವು ಬರಲಿ ಎಂದು ನಾನು ಮನಸ್ಸಿನಲ್ಲೇ ಶಪಿಸಿದ್ದುಂಟು. ಕಸ್ತೂರಿಬಾಯಿ ಶಪಿಸುವವಳಲ್ಲ. ಗಂಡ ಒಮ್ಮೆ ನಂಬಿದರೆ ಅವಳಿಗೆ ಸಾಕಿತ್ತು.

ಮಗಳು ಪ್ರಣೀತಾ ಕಾಲೇಜಿನಲ್ಲಿ ಸಿನಿಮಾ ಕಲಿಯುತ್ತಾಳೆ. ಕಥೆ ಇಲ್ಲದ, ಬರೀ ಅನುಭವದ ಒಂದು ಪುಟ್ಟ ಚಿತ್ರ ಮಾಡಬೇಕಿತ್ತು. ಅರೆಬರೆ ಕನ್ನಡಕ್ಕೆ ಹಿಂದಿ ಸೇರಿಸಿ, ನೋವು ಬಂದಾಗ ಏನು ಕಾಣುತ್ತದೆ ಎಂದು ತಾಯಿಯನ್ನು ಕೇಳಿದಳು. ಯಾರೂ ಹಾಗೆ ಕೇಳಿದ್ದೇ ಇಲ್ಲ. ಕಸ್ತೂರಿಬಾಯಿ ಯೋಚಿಸಿ ಯೋಚಿಸಿ, ಟ್ರಂಕಿನಿಂದ ತನ್ನ ಮದುವೆಯ ಇಳಕಲ್ ಸೀರೆ ತೆಗೆದಳು. ಕೆಂಪು ಸೆರಗಿನ ಬಿಳಿ ತೆನೆಗಳನ್ನು, ಗರಗಸದಂಥ ಆ ಹಲ್ಲುಗಳನ್ನು ತೋರಿಸಿ, “ಮೊದಲ ಇದು ಬರ್ತದವ್ವಾ, ಮಿಂಚಕೋತ. ಆಮ್ಯಾಲ ಎಲ್ಲಾ ತಿಂತದ” ಎಂದಳು.

ಭಾನುವಾರ ಮಧ್ಯಾಹ್ನ ಅವರ ಟಿವಿಯಲ್ಲಿ ಚಿತ್ರ ನೋಡಿದೆವು. ಬಿಸಿಲಿಗೆ ಹಿಡಿದ ಸೆರಗು ನಡುಗುತ್ತಿತ್ತು. ತೆನೆಗಳು ಬೆಳಕಾಗಿ, ಬೆಳಕು ನೀರಾಗಿ ಮೆಲ್ಲಗೆ ತೇಲಿಬಂದವು. ಕುಕ್ಕರಿನ ಸೀಟಿ ಎಳೆದೆಳೆದು ಲೋಕಲ್ ಗಾಡಿಯ ಕೂಗಾಯಿತು. ಕಿಟಕಿ ಉದ್ದವಾಯಿತು, ನಲ್ಲಿಯ ಹನಿ ಬೀಳದೆ ಗಾಳಿಯಲ್ಲೇ ನಿಂತಿತು. ಎಷ್ಟು ಚೆಂದವಿತ್ತೆಂದರೆ ನನಗೆ ಹೆದರಿಕೆಯಾಯಿತು. ಆಮೇಲೆ ಚಿತ್ರದೊಳಗಿನ ಬಾಗಿಲಲ್ಲಿ ಚಂದ್ರಾಮ ಬಂದು ನಿಂತ. ಮಗಳು ಅವನಿಗೆ ತಿಳಿಯದಂತೆ ಫೋನಿನಲ್ಲಿ ಹಿಡಿದಿದ್ದಳು. ತೆನೆಗಳು ಅವನ ಹಣೆ ತಿಂದವು, ಕಣ್ಣು ತಿಂದವು, ಬಾಯಿ ತಿಂದವು. ಮುಖವಿದ್ದ ಕಡೆ ಬಿಳಿ ಹೊಳಪು ಉಳಿಯಿತು. ಅದರೊಳಗಿಂದ “ನಾಟಕ, ನಾಟಕ” ಎಂಬ ದನಿ ಬರುತ್ತಲೇ ಇತ್ತು.

ನನ್ನ ಪಕ್ಕದಲ್ಲಿ ಕೂತಿದ್ದ ಚಂದ್ರಾಮ ಚಹಾದ ಕಪ್ಪು ಕೆಳಗಿಟ್ಟ. “ನನ್ನ ಮಾರಿ ಎಲ್ಲಿ ಹೋತು?” ಎಂದು ಹೆಂಡತಿಯನ್ನು ಕೇಳಿದ.

ಕಸ್ತೂರಿಬಾಯಿ ಟಿವಿಯಿಂದ ಕಣ್ಣು ತೆಗೆಯಲಿಲ್ಲ. “ಆವಾಗ ನಿಮ್ಮ ಮಾರಿ ನನಗ ಕಾಣಂಗಿಲ್ರಿ” ಎಂದಳು. “ಬೈಯೂದಷ್ಟ ಕೇಳಸ್ತದ.”