ಇಕಾಮಾದಲ್ಲಿ ಬರೆದ ಕೆಲಸ

"ನೀನು ಅವರಿಗೆ ಸರಿಯಾಗಿ ಹೇಳು ಕಾಸಿಂ, ನಡುವಿನಲ್ಲಿ ಎಂತದ್ದೂ ಬಿಡ್ಬೇಡ. ನಾನು ಆ ಕ್ಲಿನಿಕ್ಕಿಗೆ ಬಂದದ್ದು ತೊಂಬತ್ತಮೂರರಲ್ಲಿ, ಯುದ್ಧ ಮುಗಿದು ಎರಡು ವರ್ಷಕ್ಕೆ. ಆಗ ಗೋಡೆಗೆ ಬಣ್ಣ ಕೂಡ ಆಗಿರ್ಲಿಲ್ಲ. ನೆಲಕ್ಕೆ ಹಿಡಿದ ಸಿಮೆಂಟನ್ನು ಬ್ಲೇಡಿನಲ್ಲಿ ಕೆರೆದು ತೆಗೆದವಳು ನಾನು. ಬೆಳಿಗ್ಗೆ ಆರಕ್ಕೆ ಬಾಗಿಲು ತೆಗೆಯುವವಳು ನಾನು. ಬೀಗದ ಕೈ ನನ್ನ ಹತ್ರ ಇತ್ತು, ಡಾಕ್ಟರ ಹತ್ರ ಅಲ್ಲ. ಕತ್ತರಿ, ಚಿಮಟ ಕುದಿಸುವುದು, ಹಾಸಿಗೆಗೆ ಬಟ್ಟೆ ಹಾಕುವುದು, ವಾಂತಿ ಬಳಿಯುವುದು, ಎಲ್ಲ ನಾನೇ. ಮಕ್ಕಳಿಗೆ ಇಂಜೆಕ್ಷನ್ ಕೊಡುವಾಗ ಹಿಡ್ಕೊಳ್ಳುವವಳೂ ನಾನೇ. ಅವು ಕಚ್ತಾವೆ ಮಾರಾಯ, ಇಕೋ, ಈ ಗುರುತು ತೋರಿಸು ಅವರಿಗೆ. ಇಬ್ಬರು ಸತ್ತವರ ಕಣ್ಣು ಮುಚ್ಚಿಸಿದ್ದೇನೆ. ಹದಿನೇಳು ವರ್ಷದಲ್ಲಿ ಊರಿಗೆ ಹೋದದ್ದು ನಾಲ್ಕೇ ಸಲ. ಈಗ ಕ್ಲಿನಿಕ್ ಮುಚ್ಚಿದ್ರು. ನರ್ಸುಗಳಿಗೆ, ಕಂಪೌಂಡರಿಗೆ, ಮೊನ್ನೆ ಮೊನ್ನೆ ಬಂದ ಫೋನಿನ ಹುಡುಗಿಗೆ, ಎಲ್ಲರಿಗೂ ಸರ್ವಿಸಿನ ದುಡ್ಡು ಕೊಟ್ಟು ಕಳಿಸಿದ್ರು. ನನಗೆ ಮಾತ್ರ, ನಿನ್ನ ಹೆಸರು ಲಿಸ್ಟಿನಲ್ಲಿ ಇಲ್ಲ ಅಂತಾರೆ. ಹೆಸರಿಲ್ಲದಿದ್ರೆ ದಿನಾ ಆರು ಗಂಟೆಗೆ ಬಾಗಿಲು ತೆಗೆದದ್ದು ಯಾರು ಅಂತ ಕೇಳು. ಹೇಳು, ಹೇಳು, ಅವರು ನೋಡ್ತಾ ಇದ್ದಾರೆ."

ಕಾಸಿಂ ಕುಂಞಿ ಗಂಟಲು ಸರಿಮಾಡಿಕೊಂಡು, ಗಾಜಿನ ಕಂಡಿಯ ಆಚೆ ಕೂತ ಅಧಿಕಾರಿಗೆ ಅರಬಿಯಲ್ಲಿ ಎರಡು ಮಾತು ಹೇಳಿ ಸುಮ್ಮನಾದ.

"ಅಷ್ಟೇನಾ?" ಎಂದಳು ಫೆಲ್ಸಿ.

"ಅರಬಿಯಲ್ಲಿ ಅಷ್ಟು ಸಾಕು ಬಾಯಮ್ಮ."

"ಕಚ್ಚಿದ್ದು ಹೇಳಿದ್ಯಾ?"

"ಕಚ್ಚಿದ್ದಕ್ಕೆ ಬೇರೆ ಕೌಂಟರ್ ಉಂಟು."

ಕೂಲಿ ಮಾಡುವವರ ದೂರು ಕೇಳುವ ಆ ಸರ್ಕಾರಿ ಕಚೇರಿಯನ್ನು ಕುವೈತಿನಲ್ಲಿ ನಮ್ಮವರೆಲ್ಲ ಶೂನ್ ಎಂದೇ ಕರೆಯುವುದು. ಅಲ್ಲಿಗೆ ಫೆಲ್ಸಿಯನ್ನು ಕರೆತಂದವನು ಕಾಸಿಂ ಕುಂಞಿ. ಉಪ್ಪಿನಂಗಡಿ ಕಡೆಯ ಬ್ಯಾರಿ, ಫರ್ವಾನಿಯಾದಿಂದ ಜಾಬ್ರಿಯಾಕ್ಕೆ ಕ್ಲಿನಿಕ್ಕಿನವರನ್ನು ವ್ಯಾನಿನಲ್ಲಿ ಬಿಡುತ್ತಿದ್ದವನು. ಹನ್ನೊಂದು ವರ್ಷ ಅವನ ವ್ಯಾನಿಗೆ ಮೊದಲು ಹತ್ತುವವಳು ಫೆಲ್ಸಿ, ಕೊನೆಗೆ ಇಳಿಯುವವಳೂ ಅವಳೇ. ಅದಕ್ಕೇ ಅವರಿಬ್ಬರಲ್ಲಿ ಅಕ್ಕ ತಮ್ಮನ ಸಲುಗೆ. ಕ್ಲಿನಿಕ್ ಮುಚ್ಚಿದ ಮೇಲೆ ಅವನೇ ಹೇಳಿದ್ದು, "ಬಾಯಿ ಮುಚ್ಚಿ ಕೂತ್ರೆ ಏನೂ ಸಿಗ್ಲಿಕ್ಕಿಲ್ಲ. ಶೂನಿಗೆ ಹೋಗುವ. ಅರಬಿ ಮಾತಾಡ್ಲಿಕ್ಕೆ ನಾನಿದ್ದೇನೆ."

ಫೆಲ್ಸಿಗೆ ಆ ದುಡ್ಡಿನಿಂದ ಆಗಬೇಕಾದದ್ದು ಒಂದೇ. ಊರಿಗೆ ಹೋಗಿ ಉಳಿಯುವುದು. ಶಿರ್ವದಲ್ಲಿ ಅವಳ ತಂಗಿ ಜೆಸಿಂತಾ ಹೊಲಿಗೆ ಮಾಡಿಕೊಂಡಿದ್ದಳು. ಇಬ್ಬರೂ ವಿಧವೆಯರು, ಇಬ್ಬರಿಗೂ ಮಕ್ಕಳಿಲ್ಲ. ಅಕ್ಕ ಬಂದ ಮೇಲೆ ಎರಡು ಮಂಚ ಒಂದೇ ಕೋಣೆಯಲ್ಲಿ ಹಾಕುವುದೆಂದು ತಂಗಿ ಮೂರು ವರ್ಷದ ಹಿಂದೆಯೇ ಎರಡನೆಯ ಮಂಚ ತಂದಿಟ್ಟಿದ್ದಳು. ಅದರ ಮೇಲೆ ಸದ್ಯ ಹೊಲಿಯಬೇಕಾದ ಬಟ್ಟೆ ರಾಶಿ ಬೀಳುತ್ತದೆ ಎಂದು ಫೋನಿನಲ್ಲಿ ನಗುತ್ತಿದ್ದಳು. ಫೆಲ್ಸಿಗೆ ಐವತ್ತೇಳು. ಮೊಣಕಾಲು ಹೋಗಿತ್ತು. ಮೆಟ್ಟಿಲು ಹತ್ತುವಾಗ ಯೇಸು, ಮರಿಯ, ಜೋಸೆಫ್ ಮೂವರ ಹೆಸರೂ ಬೇಕಾಗುತ್ತಿತ್ತು.

ಅಧಿಕಾರಿ ಗಡ್ಡಕ್ಕೆ ಬಿಳಿ ಬಂದ, ಸಾವಧಾನದ ಮನುಷ್ಯ. ಹೊರಗಿನ ಟೈಪಿಂಗ್ ಅಂಗಡಿಯಲ್ಲಿ ಮಾಡಿಸಿ ತಂದ ದೂರಿನ ಕಾಗದ ಓದಿದ. ಮೇಲೆ ಮೊಹರು ಒತ್ತಲು ಕೈಗೆ ತೆಗೆದುಕೊಂಡ. ಆಮೇಲೆ ಅವಳ ಪಾಸ್‌ಪೋರ್ಟ್ ಬಿಡಿಸಿ, ಇಕಾಮಾದ ಪುಟ ನೋಡಿದ. ಇಕಾಮಾ ಅಂದರೆ ಆ ದೇಶದಲ್ಲಿ ಇರುವುದಕ್ಕೆ ಕೊಟ್ಟ ಅಪ್ಪಣೆ. ಯಾರ ಕೈಕೆಳಗೆ ಯಾವ ಕೆಲಸಕ್ಕೆ ಇದ್ದೀರಿ ಎಂದು ಅದರಲ್ಲೇ ಬರೆದಿರುತ್ತದೆ. ಮೊಹರು ಮೆಲ್ಲನೆ ಕೆಳಗೆ ಬಂತು. ಕಾಸಿಮನಿಗೆ ಏನೋ ಕೇಳಿದ. ಕಾಸಿಮನ ಮುಖ ಸಣ್ಣದಾಯಿತು.

"ಬಾಯಮ್ಮ, ನಿಮ್ಮದು ಮನೆ ವೀಸಾವಾ?"

"ಹೌದಲ್ಲ. ಉಮ್ಮ್ ನಾಸಿರ್ ಅಂತ, ಜಾಬ್ರಿಯಾದ ಮಾಮಾ. ಅವರೇ ಕಫೀಲ್, ವೀಸಾ ಅವರ ಹೆಸರಿನಲ್ಲೇ."

"ಹದಿನೇಳು ವರ್ಷವೂ?"

"ಹದಿನೇಳು ವರ್ಷವೂ. ಎಂತಕ್ಕೆ?"

"ಅಲ್ಲಾ! ನನಗೆ ಮೊದಲೇ ಹೇಳ್ಬಾರ್ದಾ?"

"ನೀನು ಕೇಳ್ಲಿಲ್ಲ. ವೀಸಾ ಯಾವುದಾದ್ರೆ ಏನು? ಕೆಲಸ ಮಾಡಿದ್ದು ಸುಳ್ಳಾ?"

ಆ ಕಾಲದಲ್ಲಿ ಹೀಗೆ ಇದ್ದವರು ಅವಳೊಬ್ಬಳೇ ಅಲ್ಲ. ವೀಸಾ ಒಂದು ಮನೆಯದ್ದು, ಕೆಲಸ ಇನ್ನೊಂದು ಕಡೆ. ಕ್ಲಿನಿಕ್ ಶುರುವಾದಾಗ ಡಾಕ್ಟರು, "ಈಗ ನಮ್ಮಲ್ಲಿ ವೀಸಾ ಇಲ್ಲ, ಸದ್ಯಕ್ಕೆ ಯಾವುದಾದರೂ ಮನೆಯ ಮೇಲೆ ಮಾಡಿಸಿಕೋ, ಮುಂದಿನ ವರ್ಷ ನಮ್ಮ ಹೆಸರಿಗೆ ಬದಲಾಯಿಸುವ" ಎಂದಿದ್ದರು. ಕೈ ಮುರಿದುಕೊಂಡು ಬಂದ ಒಬ್ಬ ಹೆಂಗಸಿಗೆ ಫೆಲ್ಸಿ ಒಂದು ತಿಂಗಳು ಜಡೆ ಹೆಣೆದು ಕೊಟ್ಟಿದ್ದಳು. ಆ ಹೆಂಗಸೇ ಉಮ್ಮ್ ನಾಸಿರ್; ಮನೆಯೊಡತಿಯನ್ನು ಅಲ್ಲಿ ಮಾಮಾ ಎಂದೇ ಕರೆಯುವುದು. ಕೇಳಿದ ಕೂಡಲೇ ಕೊಟ್ಟರು. ಬೇರೆಯವರು ಇಂಥ ವೀಸಾಕ್ಕೆ ವರ್ಷ ವರ್ಷ ಹಿಂಡಿ ತೆಗೆಯುತ್ತಿದ್ದ ಊರಿನಲ್ಲಿ ಆಕೆ ಒಂದು ಫಿಲ್ಸ್ ಮುಟ್ಟಿದವರಲ್ಲ. ವರ್ಷಕ್ಕೊಮ್ಮೆ, ಕ್ರಿಸ್‌ಮಸ್ ಕಳೆದು, ಫೆಲ್ಸಿ ಪಾಸ್‌ಪೋರ್ಟಿನ ಜೊತೆ ಒಂದು ಡಬ್ಬಿ ಹಬ್ಬದ ತಿಂಡಿ, ಕುಸ್ವಾರ್, ತೆಗೆದುಕೊಂಡು ಹೋಗುವಳು. ಅದರಲ್ಲಿ ಸಕ್ಕರೆ ಪಾಕ ಹಿಡಿದ ಕಿಡ್ಯೊ ಅಂದರೆ ಮಾಮಾಗೆ ಪ್ರಾಣ. ಆಕೆ ಕಾಗದಕ್ಕೆ ರುಜು ಹಾಕುವರು, ಖಾಲಿ ಡಬ್ಬಿಯಲ್ಲಿ ಖರ್ಜೂರ ತುಂಬಿ ಕೊಡುವರು. ಮುಂದಿನ ವರ್ಷ, ಮುಂದಿನ ವರ್ಷ ಎಂದು ಡಾಕ್ಟರೂ ಹೇಳುತ್ತಲೇ ಇದ್ದರು. ಹೇಳುತ್ತಾ ಹೇಳುತ್ತಾ ಅವರಿಗೂ ಮುದಿತನ ಬಂತು, ಕ್ಲಿನಿಕ್ಕಿಗೂ ಬೀಗ ಬಿತ್ತು.

ಅಧಿಕಾರಿ ಗದರಲಿಲ್ಲ. ಕಾಸಿಂ ಒಂದೊಂದು ಮಾತನ್ನೂ ಕನ್ನಡಕ್ಕೆ ತಂದು ಹೇಳಿದ.

"ಈ ದೂರು ಒತ್ತಿದರೆ ಮೊದಲ ಕಾಗದ ಹೋಗುವುದು ನಿಮ್ಮ ಕಫೀಲಿಗೆ ಅಂತೆ. ಅವರು ಇಲ್ಲಿಗೆ ಬರ್ಬೇಕು. ಇವಳು ನನ್ನ ಮನೆಯಲ್ಲೇ ಕೆಲಸ ಮಾಡಿದ್ದು ಅಂದ್ರೆ, ಕ್ಲಿನಿಕ್ಕಿನದ್ದು ಖಲಾಸ್, ನಿಮಗೆ ಒಂದು ಪೈಸೆ ಇಲ್ಲ. ಹೊರಗೆ ಮಾಡಿದ್ದು ಅಂತ ನಿಜ ಹೇಳಿದ್ರೆ, ಹೊರಗೆ ಬಿಟ್ಟದ್ದಕ್ಕೆ ಅವರ ಮೇಲೆ ಕೇಸು. ಅವರ ಫೈಲು ಮುಚ್ಚುತ್ತದೆ. ಮನೆಗೆ ಬೇರೆ ಕೆಲಸದವಳನ್ನು ತರಿಸ್ಲಿಕ್ಕೂ ಆಗ್ಲಿಕ್ಕಿಲ್ಲ."

"ನಿಜ ಹೇಳಿದ್ರೆ ನನಗೆ ಸಿಗ್ತದಾ?"

ಕಾಸಿಂ ಕೇಳಿದ. ಅಧಿಕಾರಿ ಅಂಗೈ ಎರಡೂ ಮೇಲೆ ಮಾಡಿದ.

"ಸಿಗಬಹುದು, ಸಿಗದಿರಬಹುದು. ಆದರೆ ಅವರು ಬಾಯಿ ಬಿಡದೆ ನಿಮಗೆ ದಾರಿಯೇ ಇಲ್ಲ ಅಂತೆ. ಅವರ ಕೈಯಲ್ಲಿ ಬರೆಸಿ ತನ್ನಿ, ಗುರುವಾರದ ಒಳಗೆ ತಂದ್ರೆ ನಾನೇ ಒತ್ತುತ್ತೇನೆ ಅಂತಾರೆ." ಕಾಸಿಂ ತಗ್ಗಿದ ದನಿಯಲ್ಲಿ ತನ್ನದೂ ಒಂದು ಸೇರಿಸಿದ, "ಜನ ಒಳ್ಳೆಯವರು ಬಾಯಮ್ಮ. ಬೇರೆಯವರಾದ್ರೆ ಇಷ್ಟು ಹೇಳ್ಲಿಕ್ಕಿಲ್ಲ."

ಹೊರಗೆ ಬಿಸಿಲು ಬೆಂಕಿಯಂತೆ ಸುರಿಯುತ್ತಿತ್ತು. ಫೆಲ್ಸಿ ವ್ಯಾನಿನಲ್ಲಿ ಕೂತು ಮೊಣಕಾಲು ನೀವಿಕೊಂಡಳು.

"ಹೆದರ್ಬೇಡಿ," ಎಂದ ಕಾಸಿಂ. "ನಿಮ್ಮ ಮಾಮಾ ದೊಡ್ಡ ಮನೆಯವರಲ್ವಾ? ಅವರಿಗೆ ವಾಸ್ತಾ ಇರ್ತದೆ, ಮೇಲಿನವರ ಗುರುತು. ಅವರ ಮೇಲೆ ಕೇಸು ಹಾಕುವ ಗಂಡು ಇನ್ನೂ ಹುಟ್ಲಿಲ್ಲ. ನಿಮಗೆ ಯಾರಿದ್ದಾರೆ ಹೇಳಿ? ಕಾಗದಕ್ಕೆ ಒಂದು ರುಜು ತೆಗೆದುಕೊಳ್ಳಿ, ಸಾಕು."

"ಅವರಿಗೆ ಏನು ಬರೆದದ್ದು ಅಂತ ಹೇಳ್ಬೇಕಲ್ಲ."

"ಹೇಳ್ಬೇಕು ಅಂತ ಯಾರು ಹೇಳಿದ್ದು? ಪ್ರತಿ ವರ್ಷ ಹಾಕ್ತಾರಲ್ಲ, ಹಾಗೇ ಹಾಕ್ತಾರೆ."

"ನಾಚಿಕೆ ಇಲ್ವಾ ಬ್ಯಾರಿ ನಿನಗೆ?"

"ನಾಚಿಕೆ ಉಂಟು. ನಿಮ್ಮ ಮೊಣಕಾಲು ನೋಡುವಾಗ ಹೊರಟುಹೋಗ್ತದೆ," ಎಂದು ಅವನು ಗಾಡಿ ಶುರು ಮಾಡಿದ. ಇವಳು ಕೆಲಸ ಮಾಡಿದ್ದು ಕ್ಲಿನಿಕ್ಕಿನಲ್ಲಿ ಎಂಬ ಮಾಮಾನ ಹೇಳಿಕೆಯನ್ನು ಅದೇ ಟೈಪಿಂಗ್ ಅಂಗಡಿಯಲ್ಲಿ ಇನ್ನೊಂದು ಹಾಳೆಯಲ್ಲಿ ಮಾಡಿಸಿ ಅವಳ ಕೈಗೆ ಕೊಟ್ಟ. ಅದಕ್ಕೆ ಬಿದ್ದ ದುಡ್ಡನ್ನೂ ಅವನೇ ಕೊಟ್ಟ. ಕೇಳಿದರೆ, "ಕ್ರಿಸ್‌ಮಸ್ಸಿಗೆ ಕಿಡ್ಯೊ ಕೊಡಿ" ಎಂದ.

ಮರುದಿನ ಸಂಜೆ ಫೆಲ್ಸಿ ಜಾಬ್ರಿಯಾಕ್ಕೆ ಹೋದಳು. ದಾರಿಯಲ್ಲಿ ಮುಚ್ಚಿದ ಕ್ಲಿನಿಕ್ ಸಿಕ್ಕಿತು. ಗಾಜಿನ ಬಾಗಿಲಿಗೆ ಒಳಗಿನಿಂದ ಪೇಪರ್ ಅಂಟಿಸಿದ್ದರು. ಮೆಟ್ಟಿಲ ಮೇಲೆ ಧೂಳು ಒಂದು ಬೆರಳು ಕೂತಿತ್ತು. ಅವಳು ಅತ್ತ ನೋಡಿ ಮುಂದೆ ನಡೆದಳು, ಮತ್ತೆ ತಿರುಗಿ ಬಂದು ಚಪ್ಪಲಿಯ ತುದಿಯಿಂದ ಒಂದು ಮೆಟ್ಟಿಲಿನ ಧೂಳು ಸರಿಸಿದಳು. ಕೆಲಸ ಮಾಡಿದ ಕಾಲು, ಅದಕ್ಕೆ ಮುಚ್ಚಿದ್ದು ಗೊತ್ತಾಗಬೇಕಲ್ಲ.

ಉಮ್ಮ್ ನಾಸಿರರ ಮನೆಯ ಬಾಗಿಲು ತೆರೆದೇ ಇತ್ತು. ಎಂದೂ ಹಾಗಿರುತ್ತಿರಲಿಲ್ಲ. ಒಳಗೆ ದೀಪವಿಲ್ಲ. ಮುದುಕಿ ನೆಲದ ದಿಂಬಿಗೆ ಒರಗಿ ಕೂತಿದ್ದರು, ಪಕ್ಕದಲ್ಲಿ ಚಹಾ ಕುಡಿದಿಟ್ಟ ಸಣ್ಣ ಗಾಜಿನ ಲೋಟಗಳು, ಒಂದಲ್ಲ, ಏಳೆಂಟು. ಎರಡೂ ಕಣ್ಣಿಗೆ ಬಿಳಿ ಪೊರೆ ಬಂದಿತ್ತು.

"ಯಾರು? ಫಿಲ್ಸಿಯಾ?" ಹೆಜ್ಜೆಯಿಂದಲೇ ಗುರುತು ಹಿಡಿದರು. ಫೆಲ್ಸಿಯ ಅರಬಿ ಮುರುಕು ಅರಬಿ, ಆದರೂ ಈಕೆಯ ಮಾತು ಅವಳಿಗೆ ಎಂದೂ ತಿಳಿಯದೆ ಹೋದದ್ದಿಲ್ಲ. "ನಿಮ್ಮ ಹಬ್ಬ ಇಷ್ಟು ಬೇಗ ಬಂತಾ? ಡಬ್ಬಿ ಎಲ್ಲಿ?"

"ಹಬ್ಬ ಬಂದಿಲ್ಲ ಮಾಮಾ. ಸುಮ್ಮನೆ ಬಂದೆ. ಮನೆಯಲ್ಲಿ ಯಾರೂ ಇಲ್ವಾ? ಆ ಸಿಲೋನಿನ ಹುಡುಗಿ?"

"ಅವಳಿಗೆ ಮದುವೆ ಅಂತೆ, ಹೋದಳು. ಮಗ ನಾಸಿರ್ ಬೇರೆಯವಳಿಗೆ ವೀಸಾ ಹಾಕಿದ್ದಾನೆ. ಎರಡು ತಿಂಗಳು ಅಂತಾನೆ, ಮೂರು ಅಂತಾನೆ. ಶುಕ್ರವಾರ ಊಟ ತರುತ್ತಾನೆ. ಉಳಿದ ದಿನ ಅಲ್ಲಾಹು ತರುತ್ತಾನೆ." ಹೇಳಿ ತಾವೇ ನಕ್ಕರು. ಆಮೇಲೆ ಕೈ ಚಾಚಿದರು. "ಕೊಡು."

"ಏನು ಮಾಮಾ?"

"ಕಾಗದ. ನೀನು ಕಾಗದ ಇಲ್ಲದೆ ಎಂದು ಬಂದಿದ್ದಿ? ನಿನ್ನ ಚೀಲದಲ್ಲಿ ಸದ್ದಾಗುತ್ತಿದೆ."

ಫೆಲ್ಸಿ ಕಾಗದ ತೆಗೆದಳು. ಪೆನ್ನೂ ಕೊಟ್ಟಳು. ಮುದುಕಿ ಹಾಳೆಯನ್ನು ಮೊಣಕಾಲಿನ ಮೇಲೆ ಹಾಸಿ, ಬೆರಳಿನಿಂದ ಅದರ ಅಂಚು ತಡವಿ, "ಎಲ್ಲಿ? ನನಗೆ ಕಾಣುವುದಿಲ್ಲ, ನನ್ನ ಕೈ ಹಿಡಿದು ಇಡು" ಎಂದರು.

"ಮಾಮಾ, ಇದರಲ್ಲಿ ಏನು ಬರೆದಿದೆ ಅಂತ..."

"ಏನು ಬರೆದಿರುತ್ತದೆ? ನೀನು ಇನ್ನೊಂದು ವರ್ಷ ಇಲ್ಲಿರುತ್ತೀ ಅಂತ. ಯಲ್ಲಾ, ಎಲ್ಲಿ ಹಾಕಲಿ?"

ಫೆಲ್ಸಿ ಆ ಕೈ ಹಿಡಿದಳು. ಹದಿನೇಳು ವರ್ಷದ ಹಿಂದೆ ಮುರಿದ ಕೈ ಅದೇ, ಮಣಿಕಟ್ಟಿನಲ್ಲಿ ಮೂಳೆ ಈಗಲೂ ಸ್ವಲ್ಪ ಸೊಟ್ಟ. ಹಾಳೆಯ ಕೆಳಗೆ ಜಾಗ ಕಾಣುತ್ತಿತ್ತು. ಅಲ್ಲಿಗೆ ಕೈ ತಂದರೆ ಮುಗಿಯಿತು. ಶಿರ್ವದ ಮಂಚ, ಅದರ ಮೇಲಿನ ಬಟ್ಟೆಯ ರಾಶಿ, ತಂಗಿಯ ನಗು ಎಲ್ಲ ಅವಳ ಕಣ್ಣಿಗೆ ಬಂತು. ನಾಲ್ಕು ಬೆರಳಿನ ದೂರ. ಆಮೇಲೆ ಹೊಸ ಕೆಲಸದವಳ ವೀಸಾ ನಿಂತುಹೋಗಿ, ಈ ಕತ್ತಲಲ್ಲಿ ಶುಕ್ರವಾರದಿಂದ ಶುಕ್ರವಾರಕ್ಕೆ ಕಾಯುವ ಮುದುಕಿಯೂ ಕಣ್ಣಿಗೆ ಬಂದರು. ತನ್ನನ್ನು ಕ್ಲಿನಿಕ್ಕಿನವರು ಹದಿನೇಳು ವರ್ಷ ನಂಬಿಸಿ ಕೂರಿಸಿದ್ದು ಹೀಗೆಯೇ ಅಲ್ಲವೇ, ಎಂತದ್ದೂ ಹೇಳದೆ.

ಅವಳು ಬೆರಳುಗಳಿಂದ ಪೆನ್ನನ್ನು ಮೆಲ್ಲನೆ ಬಿಡಿಸಿಕೊಂಡಳು.

"ತಪ್ಪು ಕಾಗದ ತಂದೆ ಮಾಮಾ. ಇದು ಬೇರೆಯವರದ್ದು."

"ವಯಸ್ಸಾಯಿತು ನಿನಗೆ," ಎಂದರು ಉಮ್ಮ್ ನಾಸಿರ್. "ಅಳುತ್ತಿದ್ದೀಯಾ?"

"ಇಲ್ಲ. ಧೂಳು."

"ನಿನ್ನ ಕ್ಲಿನಿಕ್?"

"ಮುಚ್ಚಿದ್ರು."

ಮುದುಕಿ ಜಡೆಯನ್ನು ಮುಂದಕ್ಕೆ ತೆಗೆದುಕೊಂಡರು. ಗೋಡೆಯ ಎ.ಸಿ. ಗುರುಗುಡುತ್ತಿತ್ತು. "ಹಿಂದಿನ ಕೋಣೆ ಖಾಲಿ ಇದೆ," ಎಂದರು. "ನನ್ನ ಜಡೆ ನೋಡು, ಹದಿನೈದು ದಿನವಾಯಿತು ಯಾರೂ ಹೆಣೆಯದೆ."

ಫೆಲ್ಸಿ ಹಣಿಗೆ ಎಲ್ಲಿದೆ ಎಂದು ಕೇಳಿದಳು. ನೆರೆತ ಕೂದಲು ಗಂಟು ಗಂಟಾಗಿತ್ತು, ಎಣ್ಣೆ ಹಚ್ಚಿ ಒಂದೊಂದೇ ಬಿಡಿಸಿ ಹೆಣೆಯುವಾಗ ಹೊರಗೆ ಬಾಂಗ್ ಆಯಿತು.

ಗುರುವಾರ ಕಾಸಿಂ ಫೋನ್ ಮಾಡಿದ. "ಎಲ್ಲಿದ್ದೀರಿ ಬಾಯಮ್ಮ? ವ್ಯಾನ್ ಫರ್ವಾನಿಯಾದಲ್ಲಿ ನಿಮ್ಮ ಬಿಲ್ಡಿಂಗಿನ ಕೆಳಗೆ ನಿಂತಿದೆ. ಇವತ್ತು ಹನ್ನೆರಡರ ಒಳಗೆ ಒತ್ತಿಸ್ಬೇಕು."

"ನಾನು ಅಲ್ಲಿ ಇಲ್ಲ. ಜಾಬ್ರಿಯಾದಲ್ಲಿದ್ದೇನೆ. ಮಾಮಾನ ಮನೆಯಲ್ಲಿ ಕೆಲಸಕ್ಕೆ ಸೇರಿದೆ."

"ರುಜು?"

"ಹಾಕಿಸ್ಲಿಲ್ಲ."

"ಹುಚ್ಚು ಹಿಡಿದಿದೆಯಾ ನಿಮಗೆ?" ಅವನ ದನಿ ಏರಿತು. "ಹದಿನೇಳು ವರ್ಷ, ಬಾಯಮ್ಮ! ಈಗ ಆ ಇಕಾಮಾದಲ್ಲಿ ಬರೆದದ್ದೇ ನಿಜ ಆಯ್ತಲ್ಲ. ಇನ್ನು ಯಾರ ಹತ್ರ ಹೇಳಿದ್ರೂ ನಂಬ್ಲಿಕ್ಕಿಲ್ಲ."

"ನೀನು ನಂಬ್ತೀಯಲ್ಲ. ದಿನಾ ಬಿಟ್ಟವನು ನೀನೇ."

ಅವನು ಉಸಿರು ಬಿಟ್ಟ. "ದೂರಿನ ಕಾಗದ ವ್ಯಾನಿನಲ್ಲೇ ಉಂಟು. ಎಂತ ಮಾಡ್ಲಿ?"

"ಇರ್ಲಿ. ಬಿಸಾಡ್ಬೇಡ. ನನ್ನ ಹೆಸರು ಉಂಟಲ್ಲ ಅದರಲ್ಲಿ."

ಜೆಸಿಂತಾಳಿಗೆ ಹೇಳುವುದು ಇದಕ್ಕಿಂತ ಕಷ್ಟವಾಯಿತು. "ನತಾಲಿಗೆ ಬರ್ತಿಯಲ್ಲ?" ಎಂದು ತಂಗಿ ಕ್ರಿಸ್‌ಮಸ್ಸಿನ ಮಾತನ್ನೇ ಮೊದಲು ಕೇಳಿಬಿಟ್ಟಳು, ಹಿಂದೆ ಹೊಲಿಗೆ ಯಂತ್ರದ ಸದ್ದು ನಿಂತಿತು. ಮುಂದಿನ ವರ್ಷ ನೋಡುವ, ಎಂದಳು ಫೆಲ್ಸಿ. ಹೇಳಿದ ಮೇಲೆ ಅದು ಡಾಕ್ಟರ ಮಾತು ಎಂದು ಹೊಳೆದು ನಾಲಗೆ ಕಚ್ಚಿಕೊಂಡಳು. ಆ ಕಡೆ ತುಸು ಹೊತ್ತಿನ ಮೇಲೆ ಯಂತ್ರ ಮತ್ತೆ ಶುರುವಾಯಿತು. "ಮಂಚಕ್ಕೆ ಹೊಸ ಚಾದರ ಹಾಕಿದ್ದೆ," ಎಂದಳು ಜೆಸಿಂತಾ. "ಆಯ್ತು, ತೆಗೆದಿಡ್ತೇನೆ. ಧೂಳು ಕೂರ್ತದೆ."

ಒಳಗಿನಿಂದ ಮಾಮಾ ಕೂಗಿದರು, ಚಹಾ ಮುಗಿಯಿತೆಂದು.

ಫೆಲ್ಸಿ ಫೋನನ್ನು ಕಿಟಕಿಯ ದಂಡೆಯಲ್ಲಿಟ್ಟು ಲೋಟಗಳನ್ನು ತಂದಳು. ನಲ್ಲಿಯ ನೀರು ಜೂನ್ ತಿಂಗಳ ಬಿಸಿಗೆ ಕುದಿದಂತೆ ಬರುತ್ತಿತ್ತು. ಅವಳು ಒಂದು ಬಾಲ್ದಿ ಹಿಡಿದು ಆರಲು ಬಿಟ್ಟು, ನಿಂತ ಕಾಲನ್ನು ಬದಲಿಸಿದಳು. ಆಮೇಲೆ ತಳಕ್ಕೆ ಹಿಡಿದ ಸಕ್ಕರೆಯನ್ನು ಬೆರಳಿನಿಂದ ತಿಕ್ಕಿ, ಎರಡು ನೀರಿನಲ್ಲಿ ತೊಳೆದು, ಬಿಳಿ ಬಟ್ಟೆಯಲ್ಲಿ ಒರೆಸಿ, ಒಂದೊಂದಾಗಿ ತಟ್ಟೆಯ ಮೇಲೆ ಬೋರಲು ಹಾಕತೊಡಗಿದಳು.