ನಾಗಭೂಷಣರ ಹೊಟ್ಟೆನೋವು

ಹಾರ್ಬೋರ್ನ್‌ನ ನಾಗಭೂಷಣರು ಮೂವತ್ತು ವರ್ಷ ಬ್ರಿಟನ್ನಿನ ರಂಗಭೂಮಿಯಲ್ಲೂ ಟಿ.ವಿ.ಯಲ್ಲೂ ನಟಿಸಿದವರು. ಟಿ.ವಿ.ಯಲ್ಲಿ ಸಿಕ್ಕಿದ್ದು ಹನ್ನೊಂದು ಸಲ ಅಂಗಡಿಯವನ ಪಾತ್ರ, ಏಳು ಸಲ ಟ್ಯಾಕ್ಸಿಯವನದು, ಎರಡು ಸಲ ಹೆಣದ್ದು. ಹೆಣವಾಗಿ ಮಲಗಿದಾಗಲೂ ಒಂದು ನರಳಿಕೆ ಸೇರಿಸಿ ನಿರ್ದೇಶಕರಿಂದ ಬೈಸಿಕೊಂಡಿದ್ದರು. ಸೇರಿಸುವುದು ಅವರ ಚಪಲ. ಅವರು ನಾಟಕಕಾರರೂ ಹೌದಲ್ಲ! ಬರೆದ ಒಂಬತ್ತು ನಾಟಕಗಳಲ್ಲಿ ರಂಗವೇರಿದ್ದು ಒಂದೇ, ಅದೂ ಕನ್ನಡ ಸಂಘದ ಯುಗಾದಿಯಂದು. ಹೋಳಿಗೆ ಆರುತ್ತದೆಂದು ಸಂಘದವರು ಕೊನೆಯ ಅಂಕವನ್ನು ಕೈಬಿಟ್ಟರು.

೨೦೧೪ರ ಹೊತ್ತಿಗೆ ಅವರಿಗೆ ಉಳಿದಿದ್ದುದು ಒಂದೇ ಕೆಲಸ: ವೈದ್ಯಕೀಯ ವಿದ್ಯಾರ್ಥಿಗಳ ಪರೀಕ್ಷೆಯಲ್ಲಿ ರೋಗಿಯಾಗಿ ನಟಿಸುವುದು. ಏನು ಹೇಳಬೇಕು, ಯಾವುದನ್ನು ಕೇಳಿದರೆ ಮಾತ್ರ ಹೇಳಬೇಕು ಎಂಬುದೆಲ್ಲ ಒಂದು ಹಾಳೆಯಲ್ಲಿರುತ್ತಿತ್ತು. ಅಭ್ಯಾಸದ ದಿನ ನಾಗಭೂಷಣರು ಹೊಟ್ಟೆನೋವಿನ ರೋಗಿಗೆ ಒಬ್ಬ ಜಗಳಗಂಟ ಭಾವಮೈದುನನನ್ನೂ ಕಳೆದುಹೋದ ಬೆಕ್ಕನ್ನೂ ಕರುಣಿಸಿದರು. ವಿದ್ಯಾರ್ಥಿಗಳು ಬೆಕ್ಕನ್ನು ವಿಚಾರಿಸುವುದರಲ್ಲೇ ಹೊತ್ತು ಕಳೆದರು.

"ಇನ್ನೊಂದು ಮಾತು ಸೇರಿಸಿದರೂ ನಿಮ್ಮನ್ನು ಮತ್ತೆ ಕರೆಯುವುದಿಲ್ಲ," ಎಂದರು ಪರೀಕ್ಷಕಿ.

ಪರೀಕ್ಷೆಯ ಬೆಳಗ್ಗೆ, ನರ್ಸ್ ಆಗಿದ್ದ ಹೆಂಡತಿ ಚಂದ್ರಿಕಾ ಡ್ಯೂಟಿಗೆ ಹೊರಡುತ್ತ ಎಚ್ಚರಿಸಿದರು: "ರೀ, ಇವತ್ತು ಬರೀ ಹೊಟ್ಟೆ ನೋಯ್ಲಿ. ಬೆಕ್ಕು ಮನೇಲೇ ಇರ್ಲಿ."

"ಬೆಕ್ಕಿಲ್ದೆ ಪಾತ್ರಕ್ಕೆ ಜೀವ ಎಲ್ಲಿಂದ ಬರುತ್ತೆ ಕಣೇ?"

"ಈ ಕೆಲ್ಸಾನೂ ಹೋದ್ರೆ ದಿನಾ ನಿಮ್ ನಾಟಕ ಕೇಳೋಳು ನಾನೇ ತಾನೆ? ನನ್ ಜೀವದ ಗತಿ ಹೇಳಿ!"

ಅಂದಿನ ಹಾಳೆಯಲ್ಲಿ ಒಂದು ಗುಟ್ಟಿತ್ತು: ಅಪ್ಪನನ್ನು ಕೊಂದ ಕ್ಯಾನ್ಸರ್ ತನಗೂ ಬಂದೀತೆಂಬ ಭಯ. ಕೇಳಿದರೆ ಮಾತ್ರ ಹೇಳಬೇಕು. ಕೊನೆಗೆ ಬಂದ ಕನ್ನಡಕದ ಹುಡುಗಿ ಊಟ, ನಿದ್ದೆ, ಮಾತ್ರೆ ಎಲ್ಲವನ್ನೂ ಕೇಳಿ ಪೆನ್ನು ಮುಚ್ಚಿದಳು. ಇನ್ನೂ ಎರಡು ನಿಮಿಷ ಬಾಕಿ. ನಾಗಭೂಷಣರ ನಾಲಿಗೆಯ ತುದಿಯಲ್ಲಿ ಅಪ್ಪ, ಭಾವಮೈದುನ, ಬೆಕ್ಕು ಮೂವರೂ ನೂಕಾಡುತ್ತಿದ್ದರು. ಪರೀಕ್ಷಕಿ ಅವರನ್ನೇ ದಿಟ್ಟಿಸುತ್ತಿದ್ದರು. ನಾಗಭೂಷಣರು ತುಟಿ ಬಿಗಿದು ತಮ್ಮ ಅಂಗೈಯನ್ನೇ ನೋಡುತ್ತ ಕುಳಿತರು. ಯಾವ ವೇದಿಕೆಯ ಮೇಲೂ ಅವರು ಇಷ್ಟು ಹೊತ್ತು ಸುಮ್ಮನಿದ್ದಿರಲಿಲ್ಲ.

ಹುಡುಗಿ ತಲೆಯೆತ್ತಿ ಅವರ ಮುಖ ನೋಡಿದಳು. ಪೆನ್ನು ಕೆಳಗಿಟ್ಟಳು. "ನಿಮ್ಮನ್ನು ಬೇರೆ ಏನೋ ಕಾಡ್ತಾ ಇದೆ, ಅಲ್ವಾ?"

ನಾಗಭೂಷಣರು ಅಪ್ಪನ ಬಗ್ಗೆ ಹಾಳೆಯಲ್ಲಿದ್ದ ಆ ಒಂದೇ ವಾಕ್ಯವನ್ನು ಹೇಳಿದರು. ಹುಡುಗಿಯ ಕಣ್ಣು ತೇವವಾಯಿತು. ಪರೀಕ್ಷಕಿ ಅಂಕ ಹಾಕುವುದನ್ನೇ ಮರೆತರು.

ಮುಂದಿನ ವಾರ ಪರೀಕ್ಷಕಿಯಿಂದ ಪತ್ರ ಬಂತು: ರೋಗಿಯ ಮನಸ್ಸನ್ನು ಇಷ್ಟು ಬಲ್ಲವರು ಮುಂದಿನ ವರ್ಷದ ಹಾಳೆಗಳನ್ನು ಬರೆದುಕೊಡಬಹುದೇ? ಕೊನೆಗೂ ಯಾರೋ ಬರೆಯಿರಿ ಎಂದಿದ್ದರು! ನಾಗಭೂಷಣರು ಅಂದೇ ಕುಳಿತು ಬರೆದು ಚಂದ್ರಿಕಾರ ಕೈಗಿತ್ತರು.

"ರೀ, ಮೊಣಕಾಲು ನೋವಿಗೆ ಹದಿನಾಲ್ಕು ಪುಟಾನಾ?"

"ಅದು ಬರೀ ಮೊದಲನೇ ಅಂಕ."

"ಸದ್ಯ, ಬೆಕ್ಕಿಲ್ವಲ್ಲ."

"ಎರಡನೇ ಅಂಕದಲ್ಲಿ ಬರುತ್ತೆ," ಎಂದರು ನಾಗಭೂಷಣರು.